ಏನೂ ಕೆಡದ ಫೋನಿಗೆ ಭದ್ರತಾ ಅಪ್‌ಡೇಟ್ ಯಾಕೆ?

ಕಳೆದ ಕಾಫಿ ಕೊಯ್ಲಿನ ಸಮಯ. ಆಲ್ದೂರು ಕಡೆಯ ಬೆಳೆಗಾರರೊಬ್ಬರು ಚಿಕ್ಕಮಗಳೂರಿನ ನನ್ನ ಆಫೀಸಿಗೆ ಬಂದು ಫೋನನ್ನು ಮೇಜಿನ ಮೇಲಿಟ್ಟರು. ಮರುದಿನ ಆಳುಗಳಿಗೆ ಬಟವಾಡೆ ಕೊಡಬೇಕು. ಬ್ಯಾಂಕಿನ ಆ್ಯಪ್ ತೆರೆಯುತ್ತಿಲ್ಲ. ಫೋನಿನ ಭದ್ರತಾ ಅಪ್‌ಡೇಟ್ ಹಳೆಯದಾಗಿದೆ, ಮೊದಲು ಅದನ್ನು ಹಾಕಿಕೊಳ್ಳಿ ಅಂತ ಸಂದೇಶ ಬರುತ್ತಿತ್ತು.

"ಕೆಳಗೆ ಬಿದ್ದಿಲ್ಲ, ನೀರಿಗೆ ಹೋಗಿಲ್ಲ. ತಗೊಂಡಾಗ ಹೆಂಗಿತ್ತೋ ಹಂಗೇ ಇದೆ. ಅವತ್ತು ಸೇಫ್ ಆಗಿದ್ದು ಇವತ್ತು ಹೆಂಗೆ ಅನ್‌ಸೇಫ್ ಆಯ್ತು ಮಾರಾಯ್ರೆ?" ಅಂದರು.

ಇದು ಸರಿಯಾದ ಪ್ರಶ್ನೆ. ಸಾಫ್ಟ್‌ವೇರ್ ಸುರಕ್ಷತೆಯ ಬಗ್ಗೆ ಲೋಕದಲ್ಲಿ ನಡೆಯುತ್ತಿರುವ ವಾದಗಳೆಲ್ಲ ಈ ಪ್ರಶ್ನೆಯಿಂದಲೇ ಹುಟ್ಟುತ್ತವೆ. ಪಂಪ್‌ಸೆಟ್ ಸವೆಯುತ್ತದೆ, ಪಲ್ಪರ್ ಸವೆಯುತ್ತದೆ. ಸಾಫ್ಟ್‌ವೇರ್ ಸವೆಯುವುದಿಲ್ಲ. ಅವರ ಫೋನಿನಲ್ಲಿದ್ದ ತೂತು ಮೊದಲ ದಿನದಿಂದಲೂ ಅಲ್ಲೇ ಇತ್ತು. ಅದು ಯಾರಿಗೂ ಗೊತ್ತಿರಲಿಲ್ಲ, ಈಗ ಗೊತ್ತಾಗಿದೆ. ಅಷ್ಟೇ ವ್ಯತ್ಯಾಸ.

ಹಾಗಾದರೆ ಆ ತೂತು ಮೊದಲೇ ಯಾಕಿತ್ತು? ಕಂಡವರು ಯಾರಿಗೆ ಹೇಳಬೇಕು? ಹೇಳಿದ ಮೇಲೆ ಮುಚ್ಚಲು ಎಷ್ಟು ದಿನ? ಒಂದೊಂದಾಗಿ ನೋಡೋಣ.

## ಬಗ್ ಬೇರೆ, ಭದ್ರತಾ ಲೋಪ ಬೇರೆ

ಸಾಫ್ಟ್‌ವೇರ್ ಅಂದರೆ ಕಂಪ್ಯೂಟರಿಗೆ ಬರೆದಿಟ್ಟ ಸೂಚನೆಗಳು. ಅದರಲ್ಲಿನ ತಪ್ಪಿಗೆ ಬಗ್ ಅನ್ನುತ್ತಾರೆ. ಎಲ್ಲ ಬಗ್ಗೂ ಅಪಾಯಕಾರಿ ಅಲ್ಲ. ತಪ್ಪನ್ನು ಬಳಸಿಕೊಂಡು ಬೇರೆಯವರು ತಮಗೆ ಹಕ್ಕಿಲ್ಲದ ಕೆಲಸ ಮಾಡಬಹುದಾದರೆ, ಆಗ ಅದು ಭದ್ರತಾ ಲೋಪ. ನಾನು ತೂತು ಅಂದದ್ದು ಇದನ್ನೇ. ಸಾಫ್ಟ್‌ವೇರ್ ಜನ ಇದನ್ನು ವಲ್ನರಬಿಲಿಟಿ ಅನ್ನುತ್ತಾರೆ.

ನನ್ನದೇ ಉದಾಹರಣೆ ಕೊಡುತ್ತೇನೆ. ತೋಟದ ಹಾಜರಿ, ಬಟವಾಡೆ, ಗೊಬ್ಬರದ ಲೆಕ್ಕ ಬರೆಯಲು ನಾನು ಒಂದು ಸಣ್ಣ ಸಾಫ್ಟ್‌ವೇರ್ ಮಾಡಿ ಕೊಡುತ್ತೇನೆ. ಒಮ್ಮೆ ಅದರಲ್ಲಿ ಫೆಬ್ರವರಿ 29ರ ಹಾಜರಿ ಹಾಕಲು ಆಗಲಿಲ್ಲ. ತೋಟದ ಲೆಕ್ಕ ಬರೆಯುವ ರೈಟರ್ ಫೋನ್ ಮಾಡಿ ರೇಗಿದರು. ಅದು ಬರೀ ಬಗ್. ಇನ್ನೊಮ್ಮೆ ಆಗಿದ್ದು ಬೇರೆ. ನಿಮ್ಮ ಲೆಕ್ಕದ ಪುಟ ತೆರೆದಾಗ ಮೇಲೆ ಕಾಣುವ ವಿಳಾಸದ ಕೊನೆಯಲ್ಲಿ ಒಂದು ಸಂಖ್ಯೆ ಇರುತ್ತಿತ್ತು. 41 ಇದ್ದದ್ದನ್ನು 42 ಅಂತ ಬದಲಿಸಿದರೆ ಪಕ್ಕದ ತೋಟದ ಲೆಕ್ಕ ತೆರೆದುಕೊಳ್ಳುತ್ತಿತ್ತು! ಒಳಗೆ ಬಂದವರು ಯಾರು ಅಂತ ನಾನು ಬಾಗಿಲಲ್ಲಿ ಕೇಳಿದ್ದೆ. ಒಳಗೆ ಬಂದ ಮೇಲೆ ಯಾವ ಕಪಾಟಿಗೆ ಕೈ ಹಾಕುತ್ತಿದ್ದಾರೆ ಅಂತ ಕೇಳಿರಲಿಲ್ಲ. ದಿನದ ಕೆಲಸಕ್ಕೆ ಏನೂ ತೊಂದರೆ ಇರಲಿಲ್ಲ, ಆದ್ದರಿಂದ ಯಾರೂ ದೂರಲಿಲ್ಲ. ಇದು ಭದ್ರತಾ ಲೋಪ.

ಸಕಲೇಶಪುರ, ಆಲೂರು ಕಡೆ ಆನೆಗೆ ಸೋಲಾರ್ ಬೇಲಿ ಹಾಕಿದವರಿಗೆ ಇದು ಬೇಗ ಅರ್ಥವಾಗುತ್ತದೆ. ಬೇಲಿ ಹಾಕಿದವರು ಆನೆ ಬಂದು ತಂತಿ ಮುಟ್ಟುತ್ತದೆ, ಶಾಕ್ ಹೊಡೆದು ಹಿಂದೆ ಹೋಗುತ್ತದೆ ಅಂದುಕೊಂಡಿರುತ್ತಾರೆ. ಆನೆ ಮುಟ್ಟುವುದೇ ಇಲ್ಲ. ಪಕ್ಕದ ಮರವನ್ನು ತಂತಿಯ ಮೇಲೆ ಕೆಡವಿ ದಾಟುತ್ತದೆ. ಬೇಲಿಯಲ್ಲಿ ಕರೆಂಟ್ ಇತ್ತು, ತಂತಿ ಗಟ್ಟಿ ಇತ್ತು. ಆದರೆ ಈ ದಾರಿಯನ್ನು ಯಾರೂ ಊಹಿಸಿರಲಿಲ್ಲ. ಅಷ್ಟೇ ಅಲ್ಲ, ಬೇಲಿ ಕಾಯುವವರು ಕಿಲೋಮೀಟರುಗಟ್ಟಲೆ ಕಾಯಬೇಕು. ಆನೆಗೆ ಒಂದು ಕಡೆ ಸಡಿಲ ಸಿಕ್ಕರೆ ಸಾಕು.

## ಇಷ್ಟೊಂದು ತೂತು ಎಲ್ಲಿಂದ ಬರುತ್ತವೆ?

ಆಂಡ್ರಾಯ್ಡ್ ಫೋನುಗಳ ತಳದಲ್ಲಿ ಲಿನಕ್ಸ್ ಕರ್ನೆಲ್ ಎಂಬ ಸಾಫ್ಟ್‌ವೇರ್ ಇದೆ. ಅದೊಂದರ ಸೂಚನೆಗಳೇ 3 ಕೋಟಿ ಸಾಲು ದಾಟಿವೆ. ಅಷ್ಟೂ ಸಾಲು ನಿಮ್ಮ ಫೋನಿನಲ್ಲಿ ಇರುವುದಿಲ್ಲ, ಬೇಕಾದ ಭಾಗ ಮಾತ್ರ ಇರುತ್ತದೆ. ಆದರೂ ಅದನ್ನೆಲ್ಲ ತಲೆಯಲ್ಲಿಟ್ಟುಕೊಳ್ಳಬಲ್ಲ ಒಬ್ಬ ಮನುಷ್ಯ ಭೂಮಿಯ ಮೇಲೆ ಇಲ್ಲ.

ಸಾಲುಗಳು ಜಾಸ್ತಿ ಅನ್ನುವುದು ಅರ್ಧ ಕಾರಣ. ಇನ್ನರ್ಧ, ಭಾಗಗಳು ಒಂದಕ್ಕೊಂದು ಸೇರುವ ರೀತಿ. 10 ಭಾಗಗಳಿದ್ದರೆ ಅವುಗಳ ನಡುವೆ 45 ಜೋಡಿಗಳಾಗುತ್ತವೆ. 100 ಭಾಗಗಳಿದ್ದರೆ 4,950 ಜೋಡಿಗಳು. ಪ್ರತಿ ಭಾಗವೂ ತನ್ನಷ್ಟಕ್ಕೆ ಸರಿ ಇದ್ದು, ಎರಡು ಸೇರಿದಾಗ ಮಾತ್ರ ತೂತು ಹುಟ್ಟಬಹುದು.

ಇನ್ನೊಂದು ವಿಷಯ ಹೊರಗಿನವರಿಗೆ ಗೊತ್ತಿರುವುದಿಲ್ಲ. ಈಗ ಯಾರೂ ಸಾಫ್ಟ್‌ವೇರನ್ನು ಪೂರ್ತಿ ತಾವೇ ಬರೆಯುವುದಿಲ್ಲ. ದಿನಾಂಕ ಲೆಕ್ಕ ಹಾಕಲು ಒಂದು, ಬಿಲ್ ಪ್ರಿಂಟ್ ಮಾಡಲು ಒಂದು, ಗುಟ್ಟಾಗಿ ಮಾಹಿತಿ ಕಳಿಸಲು ಒಂದು, ಹೀಗೆ ಬೇರೆಯವರು ಬರೆದಿಟ್ಟ ತುಣುಕುಗಳನ್ನು ತಂದು ಜೋಡಿಸುತ್ತೇವೆ. ಇವಕ್ಕೆ ಲೈಬ್ರರಿ ಅನ್ನುತ್ತಾರೆ. ನನ್ನ ಚಿಕ್ಕ ಲೆಕ್ಕದ ಸಾಫ್ಟ್‌ವೇರಿಗೆ ನಾನು ಕೈಯಾರೆ ತಂದದ್ದು ಹತ್ತಾರು. ಅವು ತಮ್ಮ ಬೆನ್ನಿಗೆ ಕಟ್ಟಿಕೊಂಡು ತಂದದ್ದು ನೂರಾರು. ಬರೆದವರು ಯಾವ ದೇಶದಲ್ಲಿದ್ದಾರೋ, ಎಷ್ಟೋ ಜನ ಕೆಲಸ ಮುಗಿಸಿ ರಾತ್ರಿ ಕೂತು ಬಿಟ್ಟಿಯಾಗಿ ನೋಡಿಕೊಳ್ಳುವವರು.

## ಗೆರೆ ದಾಟಿ ಓದಿದ ಗುಮಾಸ್ತ: ಹಾರ್ಟ್‌ಬ್ಲೀಡ್

ಒಂದು ತೂತನ್ನು ಹತ್ತಿರದಿಂದ ನೋಡೋಣ. 2014ರ ಏಪ್ರಿಲ್ 7ರಂದು ಬಯಲಾದ ಹಾರ್ಟ್‌ಬ್ಲೀಡ್ ಇದಕ್ಕೆ ಒಳ್ಳೆಯ ಉದಾಹರಣೆ. ವೆಬ್‌ಸೈಟಿನ ವಿಳಾಸದ ಪಕ್ಕ ಬೀಗದ ಚಿತ್ರ ಕಂಡರೆ ಸುರಕ್ಷಿತ ಅಂತ ನಾವು ನಂಬುತ್ತೇವೆ ಅಲ್ವಾ? ಆ ಬೀಗದ ಕೆಲಸವನ್ನು ಲೋಕದ ಬಹಳಷ್ಟು ವೆಬ್‌ಸೈಟುಗಳನ್ನು ಇಟ್ಟುಕೊಂಡಿರುವ ಕಂಪ್ಯೂಟರುಗಳಲ್ಲಿ, ಅಂದರೆ ಸರ್ವರ್‌ಗಳಲ್ಲಿ ಮಾಡುವುದು ಓಪನ್‌ಎಸ್‌ಎಸ್‌ಎಲ್ ಎಂಬ ಲೈಬ್ರರಿ. ತೂತು ಇದ್ದದ್ದು ಅದರಲ್ಲಿ.

ಎರಡು ಕಂಪ್ಯೂಟರುಗಳು ಮಾತಾಡುವಾಗ ನಡುನಡುವೆ "ಇದ್ದೀಯಾ?" ಅಂತ ಕೇಳಿಕೊಳ್ಳುತ್ತವೆ. ಕೇಳುವ ಕಂಪ್ಯೂಟರ್ ಒಂದು ಪದ ಕಳಿಸಿ, ಅದರ ಉದ್ದವನ್ನೂ ಹೇಳಿ, ವಾಪಸ್ ಹೇಳು ಅನ್ನುತ್ತದೆ. ಇದಕ್ಕೆ ಹಾರ್ಟ್‌ಬೀಟ್ ಅಂತ ಹೆಸರು.

ಸೊಸೈಟಿಯ ಕೌಂಟರನ್ನು ನೆನೆಸಿಕೊಳ್ಳಿ. ನೀವು ಗುಮಾಸ್ತರಿಗೆ ಒಂದು ಸಾಲು ಹೇಳುತ್ತೀರಿ. ಅವರು ಅದನ್ನು ರಿಜಿಸ್ಟರಿನಲ್ಲಿ ಖಾಲಿ ಇದ್ದ ಜಾಗದಲ್ಲಿ ಬರೆದುಕೊಳ್ಳುತ್ತಾರೆ. "ನಾನು ಹೇಳಿದ 1 ಸಾಲು ವಾಪಸ್ ಓದಿ" ಅಂದರೆ ಓದುತ್ತಾರೆ. ಈಗ ಒಬ್ಬ ಕಿಲಾಡಿ ಬರುತ್ತಾನೆ. ಹೇಳುವುದು ಒಂದೇ ಸಾಲು. ಆದರೆ "ನಾನು ಹೇಳಿದ 60 ಸಾಲು ವಾಪಸ್ ಓದಿ" ಅನ್ನುತ್ತಾನೆ. ಗುಮಾಸ್ತರು ಎಣಿಸುವುದಿಲ್ಲ. ಅವನ ಸಾಲು ಓದಿ, ಕೆಳಗಿನ ಸಾಲಿನಲ್ಲಿದ್ದ ಬೇರೆಯವರ ಸಾಲ, ಖಾತೆ ನಂಬರು, ತಿಜೋರಿ ಬೀಗದ ಅಂಕಿ, ಎಲ್ಲವನ್ನೂ 60 ಸಾಲು ಮುಗಿಯುವವರೆಗೆ ಗಟ್ಟಿಯಾಗಿ ಓದುತ್ತಾರೆ.

ಹಾರ್ಟ್‌ಬ್ಲೀಡ್ ಇಷ್ಟೇ. ಒಂದು ಸಲ ಕೇಳಿದರೆ ಸರ್ವರಿನ ನೆನಪಿನಿಂದ 64 ಕಿಲೋಬೈಟ್‌ವರೆಗೆ ಹೊರಗೆ ಬರುತ್ತಿತ್ತು. ಎಷ್ಟು ಸಲ ಬೇಕಾದರೂ ಕೇಳಬಹುದಿತ್ತು. ಪಾಸ್‌ವರ್ಡ್ ಇರಬಹುದು, ಆ ಬೀಗದ ಮೂಲ ಕೀಲಿಯೇ ಇರಬಹುದು. ಕೇಳಿದ ಗುರುತೂ ಸಾಮಾನ್ಯವಾಗಿ ಸರ್ವರಿನಲ್ಲಿ ಉಳಿಯುತ್ತಿರಲಿಲ್ಲ.

ಈ ತೂತಿದ್ದ ಆವೃತ್ತಿ ಹೊರಬಂದದ್ದು 2012ರ ಮಾರ್ಚ್‌ನಲ್ಲಿ. ಅಂದರೆ ಎರಡು ವರ್ಷ ಎಲ್ಲರ ಕಣ್ಣೆದುರೇ ಇತ್ತು. ಗೂಗಲ್‌ನ ನೀಲ್ ಮೆಹ್ತಾ ಮತ್ತು ಫಿನ್ಲೆಂಡಿನ ಕೋಡೆನಾಮಿಕಾನ್ ಕಂಪನಿಯವರು ಬೇರೆ ಬೇರೆಯಾಗಿ ಇದನ್ನು ಕಂಡರು. ಮದ್ದು ಕೆಲವೇ ಸಾಲು: ಕೇಳಿದ ಉದ್ದ ಮತ್ತು ಕೊಟ್ಟ ಪದದ ಉದ್ದ ಹೊಂದುತ್ತದೆಯೇ ನೋಡು, ಇಲ್ಲದಿದ್ದರೆ ಸುಮ್ಮನಿರು. ಇಡೀ ಲೋಕ ನೆಚ್ಚಿಕೊಂಡಿದ್ದ ಆ ಲೈಬ್ರರಿಗೆ ವರ್ಷಕ್ಕೆ ಬರುತ್ತಿದ್ದ ದೇಣಿಗೆ ಸುಮಾರು 2,000 ಡಾಲರ್, ಪೂರ್ಣಾವಧಿ ದುಡಿಯುತ್ತಿದ್ದವರು ಒಬ್ಬರೇ ಅಂತ ಆಮೇಲೆ ಜನಕ್ಕೆ ತಿಳಿಯಿತು. ಬಿಟ್ಟಿ ಸಾಫ್ಟ್‌ವೇರಿನಿಂದ ಕೋಟಿಗಟ್ಟಲೆ ದುಡಿಯುವ ಕಂಪನಿಗಳು ಅದರ ಖರ್ಚು ಹೊರಬೇಕೇ ಎಂಬ ವಾದ ಜೋರಾದದ್ದು ಆಗಲೇ. ದೊಡ್ಡ ಕಂಪನಿಗಳು ಸೇರಿ ನಿಧಿ ಮಾಡಿದವು. ಅಂಥ ಸಾವಿರಾರು ಲೈಬ್ರರಿಗಳಿಗೆ ಇವತ್ತಿಗೂ ಒಬ್ಬರೋ ಇಬ್ಬರೋ ದಿಕ್ಕು.

## ಗೇಟ್ ರಿಜಿಸ್ಟರ್ ಮತ್ತು ಚಿಕೋರಿ: ಲಾಗ್‌ಫೋರ್‌ಜೆ

2021ರ ಡಿಸೆಂಬರ್‌ನಲ್ಲಿ ಬಂದದ್ದು ಇನ್ನೊಂದು ಬಗೆ. ಕಾಫಿ ಬೀಜ ಹದಮಾಡುವ ಕ್ಯೂರಿಂಗ್ ವರ್ಕ್ಸ್‌ನ ಗೇಟಿನಲ್ಲಿ ಒಳಗೆ ಬಂದ ಲಾರಿ ನಂಬರು, ಡ್ರೈವರ್ ಹೆಸರು ಬರೆದುಕೊಳ್ಳುತ್ತಾರೆ. ಸಾಫ್ಟ್‌ವೇರಿಗೂ ಅಂಥ ಒಂದು ದಿನಚರಿ ಇರುತ್ತದೆ, ಅದಕ್ಕೆ ಲಾಗ್ ಅನ್ನುತ್ತಾರೆ. ಜಾವಾ ಭಾಷೆಯಲ್ಲಿ ಬರೆದ ಸಾಫ್ಟ್‌ವೇರುಗಳಲ್ಲಿ ಈ ಕೆಲಸಕ್ಕೆ ಬಹಳ ಜನ ಬಳಸುವ ಲೈಬ್ರರಿ ಲಾಗ್‌ಫೋರ್‌ಜೆ.

ಯಾರೋ ಒಬ್ಬರು ತನ್ನ ಹೆಸರು "ಹಿಂದಿನ ಗೋಡೌನಿನ ಬಾಗಿಲು ತೆಗಿ" ಅಂತ ಬರೆಸುತ್ತಾರೆ ಅಂದುಕೊಳ್ಳಿ. ಒಳ್ಳೆಯ ಕಾವಲುಗಾರ ಅದನ್ನು ಬರೆದುಕೊಂಡು ಸುಮ್ಮನಿರುತ್ತಾನೆ. ಲಾಗ್‌ಫೋರ್‌ಜೆ ಬರೆಯುತ್ತ ಬರೆಯುತ್ತ ಆ ಮಾತಿನಂತೆ ನಡೆದೂ ಬಿಡುತ್ತಿತ್ತು. ಬರೆದುಕೊಳ್ಳುವ ಮಾತಿನೊಳಗೆ "ಇಂಥ ಕಡೆಯಿಂದ ಮಾಹಿತಿ ತಂದು ಇಲ್ಲಿ ತುಂಬು" ಅಂತ ಸೂಚನೆ ಇದ್ದರೆ ಪಾಲಿಸುವ ಸೌಲಭ್ಯವನ್ನು 2013ರಲ್ಲಿ ಅನುಕೂಲಕ್ಕೆಂದೇ ಸೇರಿಸಿದ್ದರು. ಹೊರಗಿನವರು ಬರೆಯುವ ಚಾಟ್ ಸಂದೇಶದಲ್ಲೂ ಅಂಥ ಸೂಚನೆ ತೂರಿಸಬಹುದು ಅಂತ ಹೊಳೆದಿರಲಿಲ್ಲ. ಮೈನ್‌ಕ್ರಾಫ್ಟ್ ಎಂಬ ಆಟದ ಚಾಟ್ ಪೆಟ್ಟಿಗೆಯಲ್ಲಿ ಒಂದು ಸಾಲು ಹಾಕಿದರೆ ಸರ್ವರ್ ಕೈವಶವಾಗುತ್ತಿತ್ತು.

ಲೋಪಗಳ ತೀವ್ರತೆಗೆ 0ಯಿಂದ 10ರವರೆಗೆ ಅಂಕ ಕೊಡುವ ಪದ್ಧತಿ ಇದೆ. ಇದಕ್ಕೆ 10ಕ್ಕೆ 10 ಸಿಕ್ಕಿತು. ಪ್ರತಿ ಲೋಪಕ್ಕೂ ಸಿವಿಇ ಎಂಬ ಗುರುತಿನ ಸಂಖ್ಯೆಯೂ ಇರುತ್ತದೆ, 1999ರಿಂದ ನಡೆದುಬಂದ ಪದ್ಧತಿ. ಇದರದ್ದು ಸಿವಿಇ-2021-44228. ಆದರೆ ಅಂಕ ನೋಡಿಯೇ ಹೆದರುವುದು ಸರಿಯಲ್ಲ ಎನ್ನುವವರೂ ಇದ್ದಾರೆ. ಹೊರಗಿನವರು ಮುಟ್ಟಲಾಗದ ಕಂಪ್ಯೂಟರಿನಲ್ಲಿರುವ 10ಕ್ಕಿಂತ, ಬೀದಿಗೆ ತೆರೆದುಕೊಂಡ ಕಂಪ್ಯೂಟರಿನಲ್ಲಿರುವ 7 ಜಾಸ್ತಿ ಅಪಾಯವಾಗಬಹುದು. ಈ ಮಾತು ನನಗೆ ಸರಿ ಅನ್ನಿಸುತ್ತದೆ.

ಆ ವಾರ ನನಗೆ ಇನ್ನೂ ನೆನಪಿದೆ. ತೂತು ಮುಚ್ಚುವುದು ಕಷ್ಟವಿರಲಿಲ್ಲ. ಯಾವ ಯಾವ ಗಿರಾಕಿಗಳ ಸಾಫ್ಟ್‌ವೇರಿನೊಳಗೆ ಆ ಲೈಬ್ರರಿ ಅಡಗಿ ಕೂತಿದೆ ಅಂತ ಪಟ್ಟಿ ಮಾಡಲು ಎರಡು ದಿನ ಹಿಡಿಯಿತು. ನನ್ನಂಥ ಸಣ್ಣವನಿಗೇ ಎರಡು ದಿನವಾದರೆ, ದೊಡ್ಡ ಬ್ಯಾಂಕಿಗೆ, ಆಸ್ಪತ್ರೆಗೆ ಎಷ್ಟು ಬೇಕಾದೀತು? ಅದೂ ಸಾಲದೆ ಮೊದಲು ಬಂದ ಪ್ಯಾಚ್, ಅಂದರೆ ತೂತಿಗೆ ಹಾಕುವ ತೇಪೆ, ಪೂರ್ತಿ ಮುಚ್ಚಲಿಲ್ಲ. ಅದೇ ತಿಂಗಳಲ್ಲಿ ಮತ್ತೆ ಮತ್ತೆ ಹೊಸ ಆವೃತ್ತಿ ಹಾಕಬೇಕಾಯಿತು.

ಇಲ್ಲಿಂದ ಒಂದು ಬೇಡಿಕೆಗೆ ಬಲ ಬಂತು. ಕಾಫಿಪುಡಿಯ ಪೊಟ್ಟಣದ ಮೇಲೆ ಕಾಫಿ ಎಷ್ಟು, ಚಿಕೋರಿ ಎಷ್ಟು ಅಂತ ಬರೆಯಲೇಬೇಕು. ಹಾಗೆಯೇ ಸಾಫ್ಟ್‌ವೇರಿನ ಒಳಗೆ ಏನೇನು ಸೇರಿದೆ ಎಂಬ ಪಟ್ಟಿಯನ್ನೂ ಕೊಡಬೇಕು ಎಂಬುದು ಆ ಬೇಡಿಕೆ. ಅಮೆರಿಕ ಸರ್ಕಾರ 2021ರ ಮೇ ತಿಂಗಳ ಆದೇಶದಲ್ಲೇ ತನಗೆ ಸಾಫ್ಟ್‌ವೇರ್ ಮಾರುವವರ ವಿಷಯದಲ್ಲಿ ಈ ದಾರಿ ಹಿಡಿದಿತ್ತು. ಪಟ್ಟಿ ಕೊಟ್ಟರೆ ದಾಳಿಕೋರರಿಗೂ ಸುಳಿವು ಸಿಗುತ್ತದೆ ಎಂಬುದು ವಿರೋಧಿಸುವವರ ಮಾತು.

## ಕಂಡವರು ಹೇಳಬೇಕೋ, ಬೇಡವೋ?

ಇದು ಅತಿ ಹಳೆಯ ಜಗಳ, ಕಂಪ್ಯೂಟರಿಗಿಂತಲೂ ಹಳೆಯದು. 1851ರಲ್ಲಿ ಲಂಡನ್ನಿನಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆಯಿತು. ಆಲ್ಫ್ರೆಡ್ ಹಾಬ್ಸ್ ಎಂಬ ಅಮೆರಿಕದ ಬೀಗದ ಕುಶಲಿ ಅಲ್ಲಿಗೆ ಬಂದು, ಯಾರೂ ತೆರೆಯಲಾರರು ಅಂತ ಹೆಸರಾಗಿದ್ದ ಚಬ್ ಬೀಗ ಮತ್ತು ಬ್ರಾಮಾ ಬೀಗ ಎರಡನ್ನೂ ಕೀಲಿ ಇಲ್ಲದೆ ತೆರೆದರು. ಬ್ರಾಮಾ ಬೀಗವನ್ನು 200 ಗಿನಿ ಬಹುಮಾನದ ಸವಾಲಿನ ಜೊತೆ ಅಂಗಡಿಯ ಕಿಟಕಿಯಲ್ಲಿ ದಶಕಗಳ ಕಾಲ ಇಟ್ಟಿದ್ದರು. ಬೀಗದ ಗುಟ್ಟು ಹೇಳಿದರೆ ಕಳ್ಳರಿಗೆ ಪಾಠ ಮಾಡಿದಂತೆ ಎಂದರು ಕೆಲವರು. ಕಳ್ಳರಿಗೆ ಅದು ಮೊದಲೇ ಗೊತ್ತಿರುತ್ತದೆ, ಗೊತ್ತಿಲ್ಲದವರು ಬೀಗ ಕೊಂಡ ಬಡಪಾಯಿಗಳು ಮಾತ್ರ ಎಂದರು ಇನ್ನು ಕೆಲವರು. ಇವತ್ತಿನ ವಾದವೂ ಇದೇ.

ಈಗ ಹೆಚ್ಚು ಜನ ಒಪ್ಪಿದ ನಡುದಾರಿ ಹೀಗಿದೆ. ತೂತು ಕಂಡವರು ಮೊದಲು ಸಾಫ್ಟ್‌ವೇರ್ ಮಾಡಿದವರಿಗೆ ಗುಟ್ಟಾಗಿ ತಿಳಿಸಬೇಕು. ಮುಚ್ಚಲು ಒಂದು ಗಡುವು ಕೊಡಬೇಕು. ಮುಚ್ಚಿದ ಮೇಲೆ, ಅಥವಾ ಗಡುವು ಮೀರಿದ ಮೇಲೆ, ಎಲ್ಲರಿಗೂ ಹೇಳಬೇಕು. ಗೂಗಲ್ 2014ರಲ್ಲಿ ಕಟ್ಟಿದ ಪ್ರಾಜೆಕ್ಟ್ ಜೀರೋ ತಂಡ 90 ದಿನದ ಗಡುವು ಇಟ್ಟುಕೊಂಡಿತು. ಗಡುವು ಇಲ್ಲದಿದ್ದರೆ ಕಂಪನಿಗಳು ನಾಳೆ ನಾಳೆ ಅನ್ನುತ್ತ ಕೂರುತ್ತವೆ ಎಂಬುದು ಅದರ ಅನುಭವ.

ಗಡುವಿಗೂ ಜಗಳವಾಯಿತು. 2015ರ ಜನವರಿ 11ರಂದು ಗೂಗಲ್ ವಿಂಡೋಸ್ 8.1ರ ಒಂದು ಲೋಪವನ್ನು ಬಹಿರಂಗ ಮಾಡಿತು. 90 ದಿನ ಮುಗಿದಿತ್ತು. ಮೈಕ್ರೋಸಾಫ್ಟ್ ತಿಂಗಳ ಎರಡನೇ ಮಂಗಳವಾರ ಪ್ಯಾಚ್ ಬಿಡುವ ರೂಢಿ ಇಟ್ಟುಕೊಂಡಿದೆ. ಆ ಸಲದ್ದು ಜನವರಿ 13ಕ್ಕೆ ಬರಬೇಕಿತ್ತು. ಎರಡು ದಿನ ಕಾಯಿರಿ ಎಂದು ಕೇಳಿಕೊಂಡಿದ್ದೆವು, ಕಾಯಲಿಲ್ಲ ಎಂದು ಮೈಕ್ರೋಸಾಫ್ಟ್ ಬಹಿರಂಗವಾಗಿ ಬೇಸರಪಟ್ಟಿತು. ಮುಂದಿನ ತಿಂಗಳು ಗೂಗಲ್ ತನ್ನ ನಿಯಮ ಸ್ವಲ್ಪ ಸಡಿಲಿಸಿತು. ಪ್ಯಾಚ್ ಸದ್ಯದಲ್ಲೇ ಬರುತ್ತದೆ ಅಂದರೆ ಇನ್ನೂ 14 ದಿನ ಕೊಡುತ್ತೇವೆ ಎಂದಿತು.

ಮೊದಲು ಯಾರಿಗೆ ಹೇಳಬೇಕು ಎಂಬುದೂ ಸಣ್ಣ ಪ್ರಶ್ನೆ ಅಲ್ಲ. ಲಾಗ್‌ಫೋರ್‌ಜೆ ತೂತನ್ನು 2021ರ ನವೆಂಬರ್ 24ರಂದು ತಿಳಿಸಿದವರು ಚೀನಾದ ಅಲಿಬಾಬಾ ಕ್ಲೌಡ್‌ನ ಎಂಜಿನಿಯರ್. ಅವರು ಲೈಬ್ರರಿ ನೋಡಿಕೊಳ್ಳುವ ಅಪಾಚೆ ಸಂಸ್ಥೆಗೆ ಹೇಳಿದರು, ಲೋಕದ ರೂಢಿಯಂತೆ. ಚೀನಾದ ಸಚಿವಾಲಯಕ್ಕೆ ಬೇಗ ತಿಳಿಸಲಿಲ್ಲ ಎಂದು ಅಲ್ಲಿನ ಸರ್ಕಾರ ಆ ಕಂಪನಿಯ ಜೊತೆಗಿನ ಮಾಹಿತಿ ಹಂಚಿಕೆಯನ್ನು 6 ತಿಂಗಳು ನಿಲ್ಲಿಸಿತು.

ನನ್ನ ಸಾಫ್ಟ್‌ವೇರಿನ 41–42ರ ತೂತು ಹೇಳಿದ್ದು ಒಬ್ಬ ಗಿರಾಕಿಯ ಮಗ, ಹಾಸನದಲ್ಲಿ ಎಂಜಿನಿಯರಿಂಗ್ ಓದುತ್ತಿದ್ದ ಹುಡುಗ. ರಾತ್ರಿ ಫೋನ್ ಮಾಡಿ, "ಅಣ್ಣಾ, ಬೈಬೇಡಿ, ಒಂದು ವಿಷಯ ಹೇಳಬೇಕು" ಅಂತ ಶುರು ಮಾಡಿದ. ಅವನು ಹೆದರಿದ್ದು ಸುಮ್ಮನೆ ಅಲ್ಲ. ನಮ್ಮ ಮಾಹಿತಿ ತಂತ್ರಜ್ಞಾನ ಕಾಯ್ದೆಯ 43ನೇ ಕಲಂ ಪ್ರಕಾರ ಒಡೆಯರ ಅನುಮತಿ ಇಲ್ಲದೆ ಅವರ ಕಂಪ್ಯೂಟರ್ ವ್ಯವಸ್ಥೆಯೊಳಗೆ ಹೋಗುವುದೇ ತಪ್ಪು. ಅದನ್ನು ಅಪ್ರಾಮಾಣಿಕವಾಗಿ ಅಥವಾ ಮೋಸದ ಉದ್ದೇಶದಿಂದ ಮಾಡಿದರೆ 66ನೇ ಕಲಂ ಪ್ರಕಾರ 3 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ. ಒಳ್ಳೆಯ ಮನಸ್ಸಿನಿಂದ ಹುಡುಕಿದವನಿಗೂ ಪೊಲೀಸ್ ಠಾಣೆ ಹತ್ತುವ ಭಯ ಇದ್ದೇ ಇರುತ್ತದೆ. ಅವನು ಆವತ್ತು ಹೆದರಿ ಸುಮ್ಮನಾಗಿದ್ದರೆ ನನ್ನ ಗಿರಾಕಿಗಳ ಲೆಕ್ಕ ಇವತ್ತಿಗೂ ಬೀದಿಯಲ್ಲಿರುತ್ತಿತ್ತು. ಕಂಪನಿಗಳು "ಹುಡುಕಿ ಹೇಳಿ, ಕೇಸು ಹಾಕುವುದಿಲ್ಲ, ಬಹುಮಾನ ಕೊಡುತ್ತೇವೆ" ಎಂದು ಮೊದಲೇ ಘೋಷಿಸುವ ಪದ್ಧತಿಗೆ ಬಗ್ ಬೌಂಟಿ ಅನ್ನುತ್ತಾರೆ. ಕಂಪನಿ ಕಿವಿಗೊಡದಿದ್ದರೆ ತಿಳಿಸಲು ದೇಶದಲ್ಲಿ ಸರ್ಟ್-ಇನ್ ಎಂಬ ಸರ್ಕಾರಿ ಸಂಸ್ಥೆ 2004ರಿಂದ ಇದೆ.

## ಕಂಡೂ ಹೇಳದವರು

ಮಾಡಿದವರಿಗೇ ಗೊತ್ತಿಲ್ಲದ, ಆದರೆ ಬೇರೆ ಯಾರಿಗೋ ಗೊತ್ತಿರುವ ತೂತಿಗೆ ಜೀರೋ ಡೇ ಅನ್ನುತ್ತಾರೆ. ಮುಚ್ಚಲು ಸಿಕ್ಕ ದಿನಗಳು ಸೊನ್ನೆ ಎಂದು ಅರ್ಥ. ಬೇಹುಗಾರಿಕೆ ಮಾಡುವ ಸರ್ಕಾರಗಳು ಇಂಥವನ್ನು ಹುಡುಕಿ, ಕೊಂಡು, ಕೂಡಿಡುತ್ತವೆ. ಉಗ್ರರ ಫೋನಿಗೆ, ಶತ್ರು ದೇಶದ ಕಂಪ್ಯೂಟರಿಗೆ ಇಳಿಯಲು ಬೇಕು ಎಂಬುದು ಅವರ ವಾದ.

ಅಮೆರಿಕದ ಬೇಹುಗಾರಿಕೆ ಸಂಸ್ಥೆ ಎನ್‌ಎಸ್‌ಎ ವಿಂಡೋಸ್‌ನ ಒಂದು ತೂತನ್ನು ಹೀಗೆ ಇಟ್ಟುಕೊಂಡಿತ್ತು. ಅದನ್ನು ಬಳಸುವ ಸಾಧನದ ಹೆಸರು ಎಟರ್ನಲ್‌ಬ್ಲೂ. ಮೈಕ್ರೋಸಾಫ್ಟ್ 2017ರ ಮಾರ್ಚ್ 14ರಂದು ಪ್ಯಾಚ್ ಬಿಟ್ಟಿತು. ಏಪ್ರಿಲ್ 14ರಂದು ಶ್ಯಾಡೋ ಬ್ರೋಕರ್ಸ್ ಎಂಬ ಗುಂಪು ಆ ಸಾಧನವನ್ನೇ ಬಯಲಿಗೆ ಹಾಕಿತು. ಮೇ 12ರಂದು ವಾನ್ನಾಕ್ರೈ ಬಂತು. ಫೈಲುಗಳಿಗೆ ಬೀಗ ಹಾಕಿ ದುಡ್ಡು ಕೇಳುವ ಈ ದಾಳಿ ಸುಮಾರು 150 ದೇಶಗಳ 2 ಲಕ್ಷಕ್ಕೂ ಹೆಚ್ಚು ಕಂಪ್ಯೂಟರುಗಳಿಗೆ ಹರಡಿತು. ಬ್ರಿಟನ್ನಿನ ಸರ್ಕಾರಿ ಆಸ್ಪತ್ರೆಗಳಲ್ಲಿ ಆಪರೇಷನ್ನುಗಳನ್ನು ಮುಂದೆ ಹಾಕಬೇಕಾಯಿತು. ಸರ್ಕಾರ ಬಚ್ಚಿಟ್ಟ ತೂತು ಸರ್ಕಾರದ ಕೈಯಲ್ಲೇ ಉಳಿಯುತ್ತದೆ ಎನ್ನಲು ಗ್ಯಾರಂಟಿ ಇಲ್ಲ ಎಂದು ಅಂದಿನಿಂದ ಎಲ್ಲರೂ ಇದನ್ನೇ ಉದಾಹರಿಸುತ್ತಾರೆ.

ತಾರೀಖುಗಳನ್ನು ಇನ್ನೊಮ್ಮೆ ನೋಡಿ. ಪ್ಯಾಚ್ ಬಂದು 59 ದಿನವಾದ ಮೇಲೆ ದಾಳಿ ಆಯಿತು. ಅಂದರೆ ಮದ್ದು ಅಂಗಡಿಯಲ್ಲಿ ಎರಡು ತಿಂಗಳು ಬಿಟ್ಟಿಯಾಗಿ ಇತ್ತು.

## ಪ್ಯಾಚ್ ಬಂದರೂ ಹಾಕುವುದಿಲ್ಲ ಯಾಕೆ?

ಅರೇಬಿಕಾ ಬೆಳೆಯುವವರಿಗೆ ಬಿಳಿ ಕಾಂಡ ಕೊರಕದ ಕಾಟ ಹೇಳಿಕೊಡಬೇಕಾಗಿಲ್ಲ. ನಾವು ಬೋರರ್ ಅಂತಲೇ ಕರೆಯುವುದು. ಹುಳ ತಿಂಗಳುಗಟ್ಟಲೆ ಕಾಂಡದ ಒಳಗಿರುತ್ತದೆ. ಮೇಲೆ ಎಲೆ ಹಸಿರಾಗಿಯೇ ಕಾಣುತ್ತದೆ. ಕಾಂಡವನ್ನು ಕೈಯಿಂದ ಸವರಿ, ಉಬ್ಬಿದ ಉಂಗುರ ಸಿಗುತ್ತದೆಯೇ ನೋಡುತ್ತ ಗಿಡದಿಂದ ಗಿಡಕ್ಕೆ ಹೋಗಬೇಕು. ಸಿಕ್ಕಿದ ಗಿಡ ಕಿತ್ತು ಸುಡಬೇಕು. ಅದನ್ನು ದುಂಬಿ ಹೊರಗೆ ಹಾರುವ ಕಾಲಕ್ಕೆ ಮುಂಚೆ ಮಾಡಬೇಕು. ಮುಂಗಾರಿಗೆ ಮೊದಲು ಏಪ್ರಿಲ್, ಮೇನಲ್ಲಿ ಒಮ್ಮೆ, ಅಕ್ಟೋಬರ್‌ನಿಂದ ಡಿಸೆಂಬರ್ ನಡುವೆ ಇನ್ನೊಮ್ಮೆ ಅದು ಹಾರುತ್ತದೆ. ನಾನು ಕಿತ್ತು, ಪಕ್ಕದವರು ಕೀಳದಿದ್ದರೆ? ಅವರ ತೋಟದ ದುಂಬಿ ನನ್ನ ಗಿಡಕ್ಕೆ ಬರುತ್ತದೆ.

ವಾನ್ನಾಕ್ರೈ ಹರಡಿದ್ದು ಹಾಗೆಯೇ. ಪ್ಯಾಚ್ ಹಾಕದ ಒಂದು ಕಂಪ್ಯೂಟರ್ ತನ್ನ ಜಾಲದಲ್ಲಿದ್ದ, ಪ್ಯಾಚ್ ಹಾಕದ ಮಿಕ್ಕವನ್ನೆಲ್ಲ ತಾನೇ ಹುಡುಕಿ ಹಿಡಿಯುತ್ತಿತ್ತು. ಒಂದು ವಿಷಯದಲ್ಲಿ ಮಾತ್ರ ಈ ಹೋಲಿಕೆ ಸೋಲುತ್ತದೆ. ಬೋರರ್ ದುಂಬಿಗೆ ಕಾಫಿ ಮಂಡಳಿಯ ಪ್ರಕಟಣೆ ಓದಲು ಬರುವುದಿಲ್ಲ. ದಾಳಿಕೋರರು ಪ್ಯಾಚನ್ನೇ ಬಿಚ್ಚಿ ಓದುತ್ತಾರೆ. ಎಲ್ಲಿ ತೇಪೆ ಬಿದ್ದಿದೆ ಎಂದು ನೋಡಿದರೆ ಎಲ್ಲಿ ತೂತಿತ್ತು ಎಂದು ತಿಳಿಯುತ್ತದಲ್ಲ! ಆದ್ದರಿಂದ ಪ್ಯಾಚ್ ಬಂದ ದಿನದಿಂದ, ಹಾಕಿಕೊಳ್ಳದವರ ಅಪಾಯ ಇನ್ನೂ ಜಾಸ್ತಿಯಾಗುತ್ತದೆ.

ಆದರೂ ತಡ ಮಾಡುವವರನ್ನೆಲ್ಲ ಸೋಮಾರಿಗಳು ಅನ್ನಲಾಗದು. ಹಾಸನದಲ್ಲಿ ಇಸ್ರೋದ ಮಾಸ್ಟರ್ ಕಂಟ್ರೋಲ್ ಫೆಸಿಲಿಟಿ ಇದೆ. ಸುಮಾರು 36,000 ಕಿಲೋಮೀಟರ್ ಎತ್ತರದ ಉಪಗ್ರಹಗಳನ್ನು ಅಲ್ಲಿಂದ ನೋಡಿಕೊಳ್ಳುತ್ತಾರೆ. ಅಷ್ಟು ದೂರದ ಯಂತ್ರಕ್ಕೆ ಏನಾದರೂ ಬದಲಾವಣೆ ಕಳಿಸಿ ಎಡವಟ್ಟಾದರೆ ಮೆಕ್ಯಾನಿಕ್ ಕಳಿಸಲು ಆಗುವುದಿಲ್ಲ. ಆಸ್ಪತ್ರೆಯ ಸ್ಕ್ಯಾನಿಂಗ್ ಯಂತ್ರ, ಕಾರ್ಖಾನೆಯ ಯಂತ್ರ, ಕೊಯ್ಲಿನ ಸಮಯದ ವೇ ಬ್ರಿಡ್ಜ್, ಇವಕ್ಕೂ ಇದೇ ಕಷ್ಟ. ಅವಸರದ ಅಪ್‌ಡೇಟೇ ಕೆಲಸ ನಿಲ್ಲಿಸಬಹುದು. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪನಿ ಕಳಿಸಿದ ತಪ್ಪು ಅಪ್‌ಡೇಟಿನಿಂದ ಸುಮಾರು 85 ಲಕ್ಷ ವಿಂಡೋಸ್ ಯಂತ್ರಗಳು ಕೆಟ್ಟು ನಿಂತವು, ವಿಮಾನಗಳು ರದ್ದಾದವು. ಪರೀಕ್ಷಿಸದೆ ಹಾಕಿದರೆ ಆ ಅಪಾಯ, ಪರೀಕ್ಷಿಸುತ್ತ ಕೂತರೆ ಈ ಅಪಾಯ.

## ಎಲ್ಲರೂ ನೋಡಬಹುದಾದ ಕೋಡ್ ಹೆಚ್ಚು ಸುರಕ್ಷಿತವೇ?

ಓಪನ್ ಸೋರ್ಸ್ ಅಂದರೆ ಒಳಗಿನ ಸೂಚನೆಗಳನ್ನು, ಅಂದರೆ ಕೋಡನ್ನು, ಯಾರು ಬೇಕಾದರೂ ಓದಬಹುದಾದ ಸಾಫ್ಟ್‌ವೇರ್. ಸಾವಿರ ಕಣ್ಣು ನೋಡಿದರೆ ತಪ್ಪು ಬೇಗ ಸಿಗುತ್ತದೆ ಎಂಬುದು ಅದರ ಪರ ಇರುವವರ ನಂಬಿಕೆ. ನೋಡಬಹುದು ಅಂದ ಮಾತ್ರಕ್ಕೆ ಯಾರಾದರೂ ನೋಡುತ್ತಿದ್ದಾರೆ ಅಂತಲ್ಲ ಎಂಬುದು ಹಾರ್ಟ್‌ಬ್ಲೀಡ್ ತೋರಿಸಿದ ಸತ್ಯ.

2024ರ ಮಾರ್ಚ್‌ನಲ್ಲಿ ನಡೆದ ಘಟನೆ ಎರಡೂ ಕಡೆಗೆ ಸಾಕ್ಷಿ ಹೇಳುತ್ತದೆ. ಎಕ್ಸ್‌ಜೆಡ್ ಯುಟಿಲ್ಸ್ ಎಂಬುದು ಫೈಲುಗಳನ್ನು ಚಿಕ್ಕದಾಗಿಸುವ ಸಣ್ಣ ಸಾಫ್ಟ್‌ವೇರ್, ಲಿನಕ್ಸ್ ಇರುವ ಕಡೆಯೆಲ್ಲ ಇರುತ್ತದೆ. ನೋಡಿಕೊಳ್ಳುತ್ತಿದ್ದವರು ಒಬ್ಬರೇ, ದಣಿದಿದ್ದರು. ಜಿಯಾ ಟ್ಯಾನ್ ಎಂಬ ಹೆಸರಿನಲ್ಲಿ ಯಾರೋ ಬಂದು ಎರಡು ವರ್ಷಕ್ಕೂ ಹೆಚ್ಚು ಕಾಲ ಒಳ್ಳೆಯ ಕೆಲಸ ಮಾಡಿ ವಿಶ್ವಾಸ ಗಳಿಸಿದರು. ಮೇಸ್ತ್ರಿಯ ಕೆಲಸ ಸಿಕ್ಕ ಮೇಲೆ ಹಿಂಬಾಗಿಲು ಇಟ್ಟರು. ದೂರದಿಂದ ಸರ್ವರುಗಳಿಗೆ ಲಾಗಿನ್ ಆಗುವ ವ್ಯವಸ್ಥೆಯೇ ಅದರ ಗುರಿ.

ಹಿಡಿದದ್ದು ಮೈಕ್ರೋಸಾಫ್ಟ್‌ನ ಎಂಜಿನಿಯರ್ ಆಂಡ್ರೆಸ್ ಫ್ರಾಯಿಂಡ್. ಅವರು ಭದ್ರತೆ ಹುಡುಕುತ್ತಿರಲಿಲ್ಲ. ಲಾಗಿನ್ ಆಗಲು ಸುಮಾರು ಅರ್ಧ ಸೆಕೆಂಡ್ ಹೆಚ್ಚು ಹಿಡಿಯುತ್ತಿತ್ತು. ಯಾಕೆ ಎಂದು ಬಿಡದೆ ಕೆದಕಿದರು. ಮಾರ್ಚ್ 29ರಂದು ಲೋಕಕ್ಕೆ ಹೇಳಿದರು. ಆ ಆವೃತ್ತಿ ಹೆಚ್ಚಿನ ಸರ್ವರುಗಳಿಗೆ ಇನ್ನೂ ಇಳಿದಿರಲಿಲ್ಲ. ಕೋಡ್ ಎಲ್ಲರಿಗೂ ತೆರೆದಿದ್ದರಿಂದ ಅವರು ಕೆದಕಲು ಆಯಿತು. ಎಲ್ಲರಿಗೂ ತೆರೆದಿದ್ದರಿಂದಲೇ ಜಿಯಾ ಟ್ಯಾನ್ ಒಳಗೆ ಬರಲೂ ಆಯಿತು. ಆ ಅರ್ಧ ಸೆಕೆಂಡನ್ನು ನೆನೆದರೆ ನನಗೆ ಈಗಲೂ ಮೈ ಜುಂ ಅನ್ನುತ್ತದೆ.

## ಈಗಿನ ಎರಡು ವಾದಗಳು

ಒಂದು, ಬರೆಯುವ ಭಾಷೆಯದ್ದು. ಹಾರ್ಟ್‌ಬ್ಲೀಡ್‌ನಲ್ಲಿ ಗುಮಾಸ್ತರು ಗೆರೆ ದಾಟಿ ಓದಿದರಲ್ಲ, ಅಂಥ ತಪ್ಪಿಗೆ ಸಿ ಮತ್ತು ಸಿ ಪ್ಲಸ್ ಪ್ಲಸ್ ಎಂಬ ಹಳೆಯ ಭಾಷೆಗಳಲ್ಲಿ ಅವಕಾಶ ಜಾಸ್ತಿ. ತನ್ನ ಲೋಪಗಳಲ್ಲಿ ಸುಮಾರು 70 ಶೇಕಡಾ ಈ ಜಾತಿಯವೇ ಎಂದು ಮೈಕ್ರೋಸಾಫ್ಟ್ 2019ರಲ್ಲಿ ಹೇಳಿತು. ರಸ್ಟ್ ಎಂಬ ಭಾಷೆ ಇಂಥ ತಪ್ಪುಗಳಲ್ಲಿ ಹೆಚ್ಚಿನವನ್ನು ಬರೆಯುವಾಗಲೇ ತಡೆಯುತ್ತದೆ. 2022ರ ಕೊನೆಯಿಂದ ಲಿನಕ್ಸ್ ಕರ್ನೆಲ್‌ಗೂ ಅದು ಬಂದಿದೆ. ಕೋಟಿಗಟ್ಟಲೆ ಹಳೆಯ ಸಾಲುಗಳನ್ನು ಮತ್ತೆ ಬರೆಯುವವರು ಯಾರು, ಬರೆಯುವಾಗ ಹೊಸ ತಪ್ಪು ಆಗುವುದಿಲ್ಲವೇ ಎಂಬುದು ಇನ್ನೊಂದು ಕಡೆಯವರ ಪ್ರಶ್ನೆ.

ಎರಡು, ಎಐ. ಗೂಗಲ್‌ನ ಬಿಗ್ ಸ್ಲೀಪ್ ಎಂಬ ಎಐ ವ್ಯವಸ್ಥೆ ಎಸ್‌ಕ್ಯೂಲೈಟ್ ಎಂಬ ಬಹುಬಳಕೆಯ ಸಾಫ್ಟ್‌ವೇರಿನಲ್ಲಿ ನಿಜವಾದ ಲೋಪವನ್ನು ಕಂಡುಹಿಡಿಯಿತು ಎಂದು 2024ರಲ್ಲಿ ಪ್ರಕಟವಾಯಿತು. ಹುಡುಕುವ ಕೆಲಸ ಹಗುರವಾದರೆ ಕಾಯುವವರಿಗೂ ಲಾಭ, ಕದಿಯುವವರಿಗೂ ಲಾಭ. ಜೊತೆಗೆ ಎಐ ಬರೆದ ಪೊಳ್ಳು ವರದಿಗಳ ರಾಶಿ ಬೇರೆ. ಕರ್ಲ್ ಎಂಬ ಸಾಫ್ಟ್‌ವೇರ್ ನೋಡಿಕೊಳ್ಳುವ ಡೇನಿಯಲ್ ಸ್ಟೆನ್‌ಬರ್ಗ್, ಇಲ್ಲದ ತೂತಿನ ಬಗ್ಗೆ ಉದ್ದುದ್ದ ವರದಿಗಳನ್ನು ಓದಿ ಓದಿ ಸಾಕಾಗಿದೆ ಎಂದು ಬಹಿರಂಗವಾಗಿಯೇ ಹೇಳಿದ್ದಾರೆ. ನಿಜವಾದ ಒಂದು ವರದಿ ಆ ರಾಶಿಯ ಅಡಿಯಲ್ಲಿ ಹೂತುಹೋದರೆ ಏನು ಗತಿ?

## ಆ ಫೋನಿಗೆ ಏನು ಮಾಡಿದೆವು

ಆಲ್ದೂರಿನವರ ಫೋನಿನ ಸೆಟ್ಟಿಂಗ್ಸ್‌ಗೆ ಹೋಗಿ ಭದ್ರತಾ ಪ್ಯಾಚಿನ ತಾರೀಖು ತೋರಿಸಿದೆ. ಪ್ರತಿ ಆಂಡ್ರಾಯ್ಡ್ ಫೋನಿನಲ್ಲೂ ಇದು ಇರುತ್ತದೆ. 2015ರ ಆಗಸ್ಟ್‌ನಿಂದ ಗೂಗಲ್ ಹೆಚ್ಚುಕಡಿಮೆ ತಿಂಗಳಿಗೊಮ್ಮೆ ಪ್ಯಾಚ್ ಕೊಡುತ್ತ ಬಂದಿದೆ. ಅದನ್ನು ನಿಮ್ಮ ಫೋನಿಗೆ ತಲುಪಿಸಬೇಕಾದವರು ಫೋನ್ ಮಾಡಿದ ಕಂಪನಿಯವರು. ಎಷ್ಟು ವರ್ಷ ತಲುಪಿಸುತ್ತಾರೆ ಅಂತ ಕೊಳ್ಳುವಾಗಲೇ ಕೇಳಬೇಕು. ಕ್ಯಾಮೆರಾ, ಬ್ಯಾಟರಿ ಎಲ್ಲ ಕೇಳುತ್ತೇವೆ, ಇದೊಂದನ್ನು ಕೇಳುವುದಿಲ್ಲ.

ಅವರ ತಾರೀಖು ಎರಡು ವರ್ಷ ಹಿಂದಿನದು. ತೋಟದಲ್ಲಿ ನೆಟ್‌ವರ್ಕ್ ಸಿಗುವುದೇ ಗುಡ್ಡದ ಮೇಲೆ, ಅಷ್ಟು ದೊಡ್ಡ ಫೈಲ್ ಇಳಿಯುತ್ತಿರಲಿಲ್ಲ, ಹಾಗಾಗಿ ಪ್ರತಿ ಸಲ "ಆಮೇಲೆ" ಒತ್ತುತ್ತಿದ್ದರಂತೆ. ನನ್ನ ಆಫೀಸಿನ ವೈಫೈಗೆ ಹಾಕಿ, ಚಾರ್ಜಿಗೆ ಇಟ್ಟು, ಒಂದು ಲೋಟ ಕಾಫಿ ಕುಡಿದು ಮುಗಿಸುವ ಹೊತ್ತಿಗೆ ಅರ್ಧ ಆಗಿತ್ತು. ಮುಕ್ಕಾಲು ಗಂಟೆಗೆ ಫೋನ್ ಆಫ್ ಆಗಿ ಮತ್ತೆ ಹೊತ್ತಿತು. ಬ್ಯಾಂಕಿನ ಆ್ಯಪ್ ತೆರೆಯಿತು.

ಎದ್ದು ಹೊರಟವರು ಬಾಗಿಲಲ್ಲಿ ನಿಂತರು. "ಹಂಗಾದ್ರೆ ನಮ್ಮ ರೈಟರ್ ಹತ್ರ ಇರೋ ಕಂಪ್ಯೂಟರ್? ಅದು ವಿಂಡೋಸ್ 7."

ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟ್ 2020ರ ಜನವರಿ 14ಕ್ಕೇ ಬೆಂಬಲ ನಿಲ್ಲಿಸಿದೆ ಎಂದೆ. ಸದ್ಯಕ್ಕೆ ಅದರಿಂದ ಬ್ಯಾಂಕಿನ ಕೆಲಸ ಮಾಡಬೇಡಿ, ಇಂಟರ್ನೆಟ್ ವೈರ್ ಕಿತ್ತಿಡಿ, ಲೆಕ್ಕವನ್ನೆಲ್ಲ ಒಂದು ಪೆನ್‌ಡ್ರೈವಿಗೆ ಹಾಕಿಕೊಂಡು ಅದನ್ನು ಬೇರೆ ಕಡೆ ಇಡಿ ಅಂತ ಚೀಟಿಯಲ್ಲಿ ಬರೆದುಕೊಟ್ಟೆ. ಚೀಟಿ ಮಡಚಿ ಅಂಗಿಯ ಜೇಬಿಗಿಟ್ಟು, ಅಲ್ಲೇ ನಿಂತು ರೈಟರಿಗೆ ಫೋನ್ ಹಚ್ಚಿದರು.